ಲಿಂಕ್ ಕಡಿದರೆ ಬಂದೂಕು ಏನು ಮಾಡಬೇಕು?

ಪುಣೆಯಿಂದ ದೌಂಡಕ್ಕೆ ಹೋಗುವ ಸಂಜೆಯ ಶಟಲ್‌ನಲ್ಲಿ ನಾವು ನಾಲ್ಕು ಜನ ಕನ್ನಡದವರು ಒಂದೇ ಡಬ್ಬಿಯಲ್ಲಿ ಕೂಡುತ್ತೇವೆ. ಇಬ್ಬರು ಕಲಬುರಗಿ ಕಡೆಯವರು, ಒಬ್ಬ ಅಕ್ಕಲಕೋಟೆಯವನು, ನಾನು ವಿಜಯಪುರದವನು. ಹಡಪಸರ ದಾಟುವವರೆಗೆ ಒಂಟಿಕಾಲಲ್ಲಿ ನಿಂತು, ಉರುಳಿಯಲ್ಲಿ ಸೀಟು ಸಿಕ್ಕಿ, ಯವತ ಬರುವಷ್ಟರಲ್ಲಿ ಮಾತು ಕಾವೇರಿರುತ್ತದೆ. ಹೋದ ತಿಂಗಳು ಅಕ್ಕಲಕೋಟೆಯವನು ಮೊಬೈಲ್ ಎತ್ತಿ ಹಿಡಿದ. ಹಳೆಯ ವಿಡಿಯೊ. 2025ರ ಜನವರಿ 15ರಂದು ಪುಣೆಯಲ್ಲಿ ಮೊದಲ ಬಾರಿಗೆ ಸೇನಾ ದಿನದ ಪರೇಡ್ ನಡೆಯಿತಲ್ಲ, ಖಡಕಿಯ ಬಾಂಬೆ ಎಂಜಿನಿಯರ್ ಗ್ರೂಪ್ ಮೈದಾನದಲ್ಲಿ, ಅದು. ನಾಲ್ಕು ಕಾಲಿನ ಕಪ್ಪು ಯಂತ್ರಗಳು ಸಾಲಾಗಿ ಹೆಜ್ಜೆ ಹಾಕುತ್ತಿದ್ದವು.

"ನೋಡ್ರಿ, ಇನ್ನ ಮ್ಯಾಲೆ ನಮ್ಮ ಹುಡುಗೂರು ಸಾಯೂದು ತಪ್ಪತು" ಅಂದ. ಉಳಿದಿಬ್ಬರು ಹೂಂಗುಟ್ಟಿದರು. ಆಮೇಲೆ ನನ್ನ ಕಡೆ ತಿರುಗಿ, "ಇಂಥಾವ ಅಲ್ಲೇನ್ರಿ ನೀವು ಮಾಡೂದು? ನೀವರ ಹೇಳ್ರಿ ಏನರ" ಅಂದ.

ನಾನು ಕಿಟಕಿಯಾಚೆ ನೋಡಿದೆ. ಕೇಡಗಾಂವ ಬಂತು, ಬೆಲ್ಲದ ಗಾಣಗಳ ಹೊಗೆ ಬಂತು, ಪಾಟಸ ಬಂತು. ಇಳಿಯುವವರೆಗೂ ನಾನು ಏನೂ ಹೇಳಲಿಲ್ಲ. ಈ ಬರಹ ಆ ಸಂಜೆ ಹೇಳದೆ ನುಂಗಿಕೊಂಡದ್ದು.

ನಾನು ಇಂಥ ಯಂತ್ರ ಮಾಡುವ ಒಂದು ಸಣ್ಣ ಕಂಪನಿಯಲ್ಲಿ ಟೆಸ್ಟ್ ಎಂಜಿನಿಯರ್. ಕಂಪನಿಯ ಹೆಸರು ಬೇಡ, ಹೆಸರಿನಿಂದ ಏನೂ ಹೆಚ್ಚು ತಿಳಿಯುವುದಿಲ್ಲ. ಪರೇಡಿನಲ್ಲಿ ನಡೆದದ್ದು ನಮ್ಮ ಯಂತ್ರವಲ್ಲ. ನಮ್ಮದಕ್ಕೆ ಕಾಲಿಲ್ಲ, ಟ್ರ್ಯಾಕ್ಟರಿಗಿಂತ ಗಿಡ್ಡ, ಟ್ಯಾಂಕಿನ ಹಾಗೆ ಪಟ್ಟಿಯ ಮೇಲೆ ಹರಿಯುತ್ತದೆ. ಮೊದಲು ಅದರ ಬೆನ್ನ ಮೇಲೆ ನೀರಿನ ಕ್ಯಾನು, ಮದ್ದುಗುಂಡಿನ ಪೆಟ್ಟಿಗೆ ಹೊರಿಸಿ ಓಡಿಸುತ್ತಿದ್ದೆವು. ಈಗ ಅಲ್ಲಿ ಬಂದೂಕು ಕೂರಿಸುವ ತೊಟ್ಟಿಲು ಬಂದಿದೆ. ಬಂದೂಕು ಇನ್ನೂ ಬಂದಿಲ್ಲ, ಅದರ ತೂಕದ ಕಬ್ಬಿಣದ ತುಂಡು ಕಟ್ಟಿ ಟೆಸ್ಟ್ ಮಾಡುತ್ತೇವೆ. ಆಫೀಸು ಪುಣೆಯಲ್ಲಿ. ಟೆಸ್ಟ್ ಮಾಡಲು ದೌಂಡದ ಹೊರಗೆ ಒಂದು ಮಡ್ಡಿ ನೆಲವನ್ನು ಬಾಡಿಗೆಗೆ ಹಿಡಿದಿದ್ದಾರೆ. ಹಾಗಾಗಿ ವಾರದಲ್ಲಿ ಮೂರು ದಿನ ನನಗೆ ಪ್ರಯಾಣ ಉಳಿಯುತ್ತದೆ.

ದೌಂಡವನ್ನು ನೀವು ನಿದ್ದೆಗಣ್ಣಲ್ಲಿ ನೋಡಿರುತ್ತೀರಿ. ಉದ್ಯಾನ್ ಎಕ್ಸ್‌ಪ್ರೆಸ್ಸಿನಲ್ಲಿ ಮುಂಬೈಗೆ ಹೋಗುವವರಿಗೆ ಅದು ಚಹಾ ಕುಡಿಯುವ ಸ್ಟೇಶನ್ನು. ನನಗೆ ಅದು ಊರು. ಇಲ್ಲಿಂದ ಮುಖ್ಯ ಹಳಿ ಮೂರು ಕಡೆಗೆ ಹೋಗುತ್ತದೆ: ಪಶ್ಚಿಮಕ್ಕೆ ಪುಣೆ, ಆಗ್ನೇಯಕ್ಕೆ ಸೊಲ್ಲಾಪುರ, ಉತ್ತರಕ್ಕೆ ಅಹಮದನಗರ ಹಾದು ಮನಮಾಡ. ಪುಣೆಯ ದಿಘಿಯಲ್ಲಿ ಡಿಆರ್‌ಡಿಒದ ಎಂಜಿನಿಯರಿಂಗ್ ಸಂಶೋಧನಾ ಸಂಸ್ಥೆ ಇದೆ. ಅಹಮದನಗರದಲ್ಲಿ (ಈಗ ಅದನ್ನು ಅಹಿಲ್ಯಾನಗರ ಅನ್ನಬೇಕು) ಡಿಆರ್‌ಡಿಒದ ವಾಹನ ಸಂಶೋಧನಾ ಸಂಸ್ಥೆ, ಟ್ಯಾಂಕ್ ದಳದ ತರಬೇತಿ ಶಾಲೆ, ಫೈರಿಂಗ್ ಮೈದಾನ, ಟ್ಯಾಂಕ್ ಮ್ಯೂಸಿಯಂ ಎಲ್ಲ ಇವೆ. ನಡುವೆ ನಮ್ಮ ಜಂಕ್ಷನ್. ರಾತ್ರಿ ಗೂಡ್ಸ್ ಯಾರ್ಡಿನಲ್ಲಿ ತಾಡಪಾಲು ಹೊದ್ದ ಟ್ಯಾಂಕುಗಳು ಚಪ್ಪಟೆ ವ್ಯಾಗನ್ನಿನ ಮೇಲೆ ನಿಂತಿರುವುದನ್ನು ಕಂಡಿದ್ದೇನೆ. ನಳಿಗೆ ತಾಡಪಾಲಿನ ಹೊರಗೆ ಚಾಚಿರುತ್ತದೆ, ಹೊದಿಕೆಯಿಂದ ಆಚೆ ಬಂದ ಕಾಲಿನ ಹಾಗೆ.

ಅಹಮದನಗರದಿಂದ ನಮ್ಮ ವಿಜಯಪುರಕ್ಕೆ ತೋಪು ಬಂದದ್ದು ಹೊಸದೇನಲ್ಲ. ಚಿಕ್ಕಂದಿನಲ್ಲಿ ನಾವು ಬೆನ್ನ ಮೇಲೆ ಹತ್ತಿ ಜಾರುತ್ತಿದ್ದ ಮಲಿಕ್-ಎ-ಮೈದಾನ ಎರಕವಾದದ್ದು 1549ರಲ್ಲಿ, ಅಹಮದನಗರದಲ್ಲಿ. ಪರಾಂಡಾ ಕೋಟೆಯಿಂದ ಅದು ವಿಜಯಪುರಕ್ಕೆ ಬಂದದ್ದು 1632ರಲ್ಲಿ. ತೂಕ 55 ಟನ್. ಬಾಯಿಯ ಹತ್ತಿರ ಆನೆಯನ್ನು ನುಂಗುತ್ತಿರುವ ಸಿಂಹದ ಮುಖ. ಅದಕ್ಕೆ ಬತ್ತಿ ಇಟ್ಟವನು ಕಿವಿ ಒಡೆಯಬಾರದೆಂದು ಪಕ್ಕದ ನೀರಿನ ತೊಟ್ಟಿಗೆ ಹಾರುತ್ತಿದ್ದ ಎಂದು ಗೈಡುಗಳು ಹೇಳುತ್ತಾರೆ. ಕತೆ ನಿಜವೋ ಸುಳ್ಳೋ, ಅದನ್ನು ಕೇಳುವಾಗೆಲ್ಲ ನನಗೆ ಆ ತೊಟ್ಟಿಯ ಬಗ್ಗೆಯೇ ಕುತೂಹಲ. ಬತ್ತಿ ಹಚ್ಚುವವನೊಬ್ಬ ಇದ್ದ, ಅವನಿಗೂ ಅದು ತಟ್ಟುತ್ತಿತ್ತು, ಯಾರು ಹಚ್ಚಿದ್ದು ಅಂದರೆ ಒದ್ದೆಬಟ್ಟೆಯಲ್ಲಿ ನಿಂತವನನ್ನು ತೋರಿಸಬಹುದಿತ್ತು. (1854ರಲ್ಲಿ ಬ್ರಿಟಿಷರು ಆ ತೋಪನ್ನು ಗುಜರಿ ಲೆಕ್ಕದಲ್ಲಿ 150 ರೂಪಾಯಿಗೆ ಹರಾಜು ಹಾಕಿ, ಆಮೇಲೆ ಹರಾಜು ರದ್ದು ಮಾಡಿದರು. ನಮ್ಮ ಈಗಿನ ಯಂತ್ರದ ಒಂದು ಕನೆಕ್ಟರ್ ಅದಕ್ಕಿಂತ ದುಬಾರಿ.)

ಶಟಲ್‌ನ ಗೆಳೆಯರು ತಪ್ಪು ತಿಳಿಯಬಾರದು. ನಾನು ಯಂತ್ರದ ವಿರೋಧಿಯಲ್ಲ, ಸೇನೆಯ ವಿರೋಧಿಯಂತೂ ಅಲ್ಲ. ದಿಘಿಯ ಆ ಸಂಸ್ಥೆ 'ದಕ್ಷ' ಎಂಬ ಯಂತ್ರ ಮಾಡಿದೆ. ಬಾಂಬು ಇದ್ದಲ್ಲಿಗೆ ಮನುಷ್ಯನ ಬದಲು ಅದು ಹೋಗುತ್ತದೆ. ಅರ್ಧ ಕಿಲೋಮೀಟರ್ ದೂರದಿಂದ ನಡೆಸಬಹುದು, ಮೆಟ್ಟಿಲು ಹತ್ತುತ್ತದೆ, ಎಕ್ಸ್‌ರೇ ತೆಗೆಯುತ್ತದೆ, ನೀರಿನ ರಭಸದ ಧಾರೆಯಿಂದ ಬಾಂಬನ್ನು ಬಿಚ್ಚಿಹಾಕುತ್ತದೆ. ಸೇನೆ ಮೊದಲ ಕಂತಿಗೆ 20 ದಕ್ಷಗಳನ್ನು ಕೇಳಿತ್ತು. ಓದು ಮುಗಿಸಿ ಪುಣೆಗೆ ಬಂದ ಹೊಸದರಲ್ಲಿ ಅದರ ಫೋಟೋ ನೋಡಿಯೇ ನಾನು ಈ ದಾರಿ ಹಿಡಿದೆ. ಸಾವಿರುವಲ್ಲಿಗೆ ನಮ್ಮ ಬದಲು ಕಬ್ಬಿಣ ಹೋಗಲಿ ಎನ್ನುವುದಕ್ಕಿಂತ ಒಳ್ಳೆಯ ಕೆಲಸ ಒಬ್ಬ ಎಂಜಿನಿಯರಿಗೆ ಏನಿದೆ?

ಆದರೆ "ಜೀವ ಉಳಿಸುತ್ತದೆ" ಎಂಬ ಮಾತು ದಕ್ಷನ ಬಗ್ಗೆ ಹೇಳಿದಾಗ ಒಂದು, ಬಂದೂಕು ಹೊತ್ತ ಯಂತ್ರದ ಬಗ್ಗೆ ಹೇಳಿದಾಗ ಇನ್ನೊಂದು. ನನ್ನ ಜಗಳ ಇರುವುದು ಈ ಎರಡನ್ನೂ ಒಂದೇ ಕರಪತ್ರದಲ್ಲಿ ಅಚ್ಚು ಹಾಕುವವರ ಜೊತೆ. ಅವರಲ್ಲಿ ನಮ್ಮ ಕಂಪನಿಯೂ ಸೇರಿದೆ. ಒಂದರಿಂದ ಇನ್ನೊಂದಕ್ಕೆ ಜಾರಲು ಎಷ್ಟು ಹೊತ್ತು ಬೇಕು? 2016ರ ಜುಲೈನಲ್ಲಿ ಅಮೆರಿಕದ ಡಲ್ಲಾಸ್‌ನಲ್ಲಿ ಐದು ಜನ ಪೊಲೀಸರನ್ನು ಕೊಂದು ಅಡಗಿದ್ದ ಒಬ್ಬನನ್ನು ಪೊಲೀಸರು ಕೊಂದದ್ದು ಬಾಂಬು ತೆಗೆಯುವ ರೋಬೋಟಿಗೇ ಸ್ಫೋಟಕ ಕಟ್ಟಿ ಕಳಿಸಿ. ಅವನ ಮೇಲೆ ನನಗೇನೂ ಕರುಣೆಯಿಲ್ಲ. ಆದರೆ ಆ ಯಂತ್ರಕ್ಕೆ ಯಾವ ಹೊಸ ಭಾಗವೂ ಬೇಕಾಗಲಿಲ್ಲ. ಬಾಂಬು ಹಿಡಿದು ತೆಗೆಯುವ ಕೈ, ಬಾಂಬು ಹಿಡಿದು ಒಯ್ಯುವ ಕೈಯೂ ಆಯಿತು. 2022ರಲ್ಲಿ ಸ್ಯಾನ್ ಫ್ರಾನ್ಸಿಸ್ಕೊ ನಗರಸಭೆ ಇದನ್ನೇ ನಿಯಮ ಮಾಡಲು ಹೊರಟು, ಊರಿನ ಜನ ಬೀದಿಗಿಳಿದ ಮೇಲೆ ವಾರದೊಳಗೆ ಹಿಂದೆ ಸರಿಯಿತು. ನಮ್ಮಲ್ಲಿ ಹಿಂದೆ ಸರಿಯುವ ಮಾತು ಬಿಡಿ, ಮುಂದೆ ಹೋದದ್ದೇ ಯಾರಿಗೂ ತಿಳಿಯುವುದಿಲ್ಲ.

ಈಗ ಲಿಂಕಿನ ವಿಷಯಕ್ಕೆ ಬರುತ್ತೇನೆ. ರೋಬೋಟ್ ಯುದ್ಧ ಅಂದರೆ ಜನ ಸಿನಿಮಾದ ಕೆಂಪು ಕಣ್ಣಿನ ಯಂತ್ರವನ್ನು ನೆನೆಯುತ್ತಾರೆ, ತನಗೆ ತಾನೇ ಬುದ್ಧಿ ಬಂದು ಮನುಷ್ಯರ ಮೇಲೆ ತಿರುಗಿ ಬೀಳುವಂಥದು. ಹಾಗೇನೂ ಆಗುವುದಿಲ್ಲ. ಆಗುವುದು ತೀರಾ ಸಪ್ಪೆಯಾದದ್ದು, ಎಕ್ಸೆಲ್ ಶೀಟಿನ ಒಂದು ಸಾಲಿನಲ್ಲಿ.

ಆಕಾಶದಲ್ಲಿರುವ ಡ್ರೋನಿಗೂ ನೆಲದ ಯಂತ್ರಕ್ಕೂ ಒಂದು ದೊಡ್ಡ ವ್ಯತ್ಯಾಸವಿದೆ. ಮೇಲಿದ್ದರೆ ರೇಡಿಯೊ ತರಂಗಕ್ಕೆ ಅಡ್ಡಿ ಕಡಿಮೆ. ನೆಲದ ಮೇಲೆ ಗುಡ್ಡ ಅಡ್ಡ, ಗೋಡೆ ಅಡ್ಡ, ಎದೆಯುದ್ದ ಬೆಳೆದ ಕಬ್ಬೂ ಅಡ್ಡ. ನಮ್ಮ ಮಡ್ಡಿಯ ಪಕ್ಕದ ಕಬ್ಬಿನ ಗದ್ದೆಗೆ ನೀರು ಬಿಟ್ಟ ದಿನ ಸಿಗ್ನಲ್ ಇನ್ನಷ್ಟು ಕುಂಟುತ್ತದೆ, ಹಸಿ ಎಲೆ ತರಂಗವನ್ನು ಹೀರುತ್ತದೆ. ಇದು ಶತ್ರು ಏನೂ ಮಾಡದಿದ್ದಾಗಿನ ಮಾತು. ಶತ್ರು ಜಾಮರ್ ಹಚ್ಚಿದನೆಂದರೆ ಮುಗಿಯಿತು. ಉಕ್ರೇನಿನ ಯುದ್ಧದಲ್ಲಿ ಜಾಮರುಗಳ ಕಾಟ ತಾಳಲಾರದೆ ಕೂದಲೆಳೆಯಂಥ ಆಪ್ಟಿಕಲ್ ಫೈಬರನ್ನು ಹಿಂದೆ ಬಿಚ್ಚುತ್ತಾ ಹೋಗುವ ಡ್ರೋನುಗಳು ಬಂದವು. ನೆಲದ ಯಂತ್ರಕ್ಕೂ ಅದನ್ನು ಕಟ್ಟುತ್ತಾರೆ, ಆದರೆ ಎಳೆ ಕಲ್ಲಿಗೆ ಸಿಕ್ಕಿತೋ ಇನ್ನೊಂದು ಗಾಡಿ ಅದರ ಮೇಲೆ ಹಾಯಿತೋ, ಲಿಂಕ್ ಕಡಿಯಿತು.

ಕಡಿದಾಗ ಯಂತ್ರ ಏನು ಮಾಡಬೇಕು? ಇದಕ್ಕೆ ಉತ್ತರವನ್ನು ಮೊದಲೇ ಬರೆದಿಡಬೇಕು, ಆ ಗಳಿಗೆಯಲ್ಲಿ ಕೇಳಲು ಯಾರೂ ಇರುವುದಿಲ್ಲ. ನಿಂತಲ್ಲೇ ನಿಲ್ಲಬಹುದು. ಬಂದ ದಾರಿಯಲ್ಲಿ ತಾನೇ ವಾಪಸ್ ಬರಬಹುದು. ಅಥವಾ ಹಿಡಿದ ಕೆಲಸವನ್ನು ಮುಂದುವರಿಸಬಹುದು. ನೀರಿನ ಕ್ಯಾನು ಹೊತ್ತದ್ದು ನಿಂತರೆ ನಷ್ಟವಿಲ್ಲ, ಮುಂದುವರಿದರೂ ನಷ್ಟವಿಲ್ಲ. ಬಂದೂಕು ಹೊತ್ತದ್ದು ನಿಂತರೆ ಗ್ರಾಹಕ ಬೈಯುತ್ತಾನೆ: ಶತ್ರುವಿನ ಎದುರು ಸುಮ್ಮನೆ ನಿಲ್ಲುವ ಕೋಟಿ ರೂಪಾಯಿಯ ಕಬ್ಬಿಣ ನನಗೇಕೆ? ಅವನು ಕೇಳುವುದೂ ನ್ಯಾಯವೇ. ಆಗ ಮೂರನೆಯ ಉತ್ತರ ಮೆಲ್ಲನೆ ಒಳಗೆ ಬರುತ್ತದೆ. ಲಿಂಕ್ ಇರುವಾಗ ಮನುಷ್ಯ ಗುರುತಿಸಿಟ್ಟ ಗುರಿಯನ್ನು ಲಿಂಕ್ ಹೋದ ಮೇಲೂ ಹಿಂಬಾಲಿಸಲಿ. ಸರಿ. ಗುರಿ ಗೋಡೆಯ ಹಿಂದೆ ಹೋಗಿ ಮತ್ತೆ ಬಂದರೆ? ಅದೇ ಗುರಿಯೆಂದು ಕ್ಯಾಮೆರಾ ಹೇಳಿದರೆ ಸಾಕು. ಅದೇ ಥರದ ಇನ್ನೊಂದು ಬಂದರೆ? ಹೀಗೆ ಒಂದೊಂದೇ ಸಾಲು. ಯಾವ ಮೀಟಿಂಗಿನಲ್ಲೂ ಯಾರೂ "ಕೊಲ್ಲುವ ತೀರ್ಮಾನವನ್ನು ಯಂತ್ರಕ್ಕೆ ಕೊಡೋಣ" ಎಂದು ಹೇಳುವುದಿಲ್ಲ. ಚಹಾ ಬರುತ್ತದೆ, ಮುಂದಿನ ಸಾಲಿಗೆ ಹೋಗುತ್ತಾರೆ.

ಕಳೆದ ಮಳೆಗಾಲ ಮುಗಿದ ಮೇಲೆ ನಮ್ಮ ಕ್ಯಾಮೆರಾಕ್ಕೆ ಮನುಷ್ಯರನ್ನು ಗುರುತಿಸುವ ಸಾಫ್ಟ್‌ವೇರ್ ಹಾಕಿದರು. ಮನುಷ್ಯ ಕಂಡರೆ ಹಸಿರು ಚೌಕ, ಆಯುಧ ಹಿಡಿದವನು ಕಂಡರೆ ಕೆಂಪು ಚೌಕ. ನಮ್ಮದೇ ಹುಡುಗರು ಮರದ ಬಂದೂಕು ಹಿಡಿದು ಓಡಾಡಿದರು, ಕೆಂಪು ಬಂತು, ಚಪ್ಪಾಳೆ. ಮಧ್ಯಾಹ್ನ ಊಟದ ಹೊತ್ತಿಗೆ ಮಡ್ಡಿಯ ಆಚೆ ತುದಿಯಲ್ಲಿ ಒಬ್ಬ ಧನಗರ ಮುದುಕ ಕುರಿ ಹೊಡೆದುಕೊಂಡು ಬಂದ. ಕುರುಬರು ನಿಲ್ಲುವ ರೀತಿ ನಿಮಗೆ ಗೊತ್ತು: ಕೋಲನ್ನು ಹೆಗಲ ಮೇಲೆ ಅಡ್ಡ ಹಾಕಿ, ಎರಡೂ ಕೈಯನ್ನು ಅದರ ಮೇಲೆ ಇಳಿಬಿಟ್ಟು. ನಮ್ಮ ಊರಿನಲ್ಲೂ ಹಾಗೇ, ಇಲ್ಲೂ ಹಾಗೇ. ಪರದೆಯ ಮೇಲೆ ಅವನ ಸುತ್ತ ಕೆಂಪು ಚೌಕ ಬಂತು. ಅವನು ಕೋಲು ಇಳಿಸಿದಾಗ ಹಸಿರಾಯಿತು, ಮತ್ತೆ ಹೆಗಲಿಗೇರಿಸಿದಾಗ ಕೆಂಪಾಯಿತು. ಹುಡುಗರು ನಕ್ಕರು. ಸುಳ್ಳು ಹೇಳುವುದಿಲ್ಲ, ನಾನೂ ನಕ್ಕೆ. ಮುದುಕ ಹತ್ತಿರ ಬಂದು, ಇದು ಉಳುತ್ತದೆಯಾ ಎಂದು ಮರಾಠಿಯಲ್ಲಿ ಕೇಳಿದ. ಇಲ್ಲ ಅಂದೆ. ಮತ್ತೇನು ಮಾಡುತ್ತದೆ ಅಂದ. ಸಾಮಾನು ಹೊರುತ್ತದೆ ಅಂದೆ.

ಸಂಜೆಯ ವರದಿಯಲ್ಲಿ ಅದನ್ನು ಬರೆದೆ. ಮರುದಿನ ಮೀಟಿಂಗಿನಲ್ಲಿ ಅದಕ್ಕೆ ಒಂದು ಹೆಸರು ಸಿಕ್ಕಿತು: 'ಎಡ್ಜ್ ಕೇಸ್'. ಅಂಚಿನಲ್ಲಿರುವಂಥದು, ಎಲ್ಲೋ ಅಪರೂಪಕ್ಕೆ ಆಗುವಂಥದು, ಆಮೇಲೆ ನೋಡಿಕೊಂಡರಾಯಿತು. ಟೆಸ್ಟ್ ಒಟ್ಟಾರೆ ಪಾಸು. ಕೆಳಗೆ ನನ್ನ ಸಹಿ ಇದೆ.

ಆ ಪದದ ಮೇಲೆ ನನ್ನ ಸಿಟ್ಟು ಇನ್ನೂ ಆರಿಲ್ಲ. ಈ ದೇಶದಲ್ಲಿ ಹೆಗಲ ಮೇಲೆ ಕೋಲಿಟ್ಟವನು ಅಂಚೇ? ಗುದ್ದಲಿ ಹೊತ್ತವಳು, ಕಬ್ಬು ಕಡಿಯುವ ಕೊಯ್ತಾ ಹಿಡಿದವನು, ಪೈಪು ಹೊತ್ತು ಗದ್ದೆಗೆ ಹೋಗುವವನು ಅಂಚೇ? ಹಾಗಿದ್ದರೆ ನಡುವೆ ಯಾರಿದ್ದಾರೆ, ಲ್ಯಾಪ್‌ಟಾಪ್ ಬ್ಯಾಗ್ ಹಾಕಿಕೊಂಡ ನಾವೇ? ನಮ್ಮ ಯಂತ್ರ ಹೋಗಬೇಕಾದ ಗಡಿ ಖಾಲಿ ಚದುರಂಗದ ಹಾಸಲ್ಲ. ಪೀರ್ ಪಂಜಾಲ್ ಬೆಟ್ಟಗಳಲ್ಲಿ ಗುಜ್ಜರ್-ಬಕರ್‌ವಾಲರು ಪ್ರತಿ ವರ್ಷ ಕುರಿಮೇಕೆ ಹೊಡೆದುಕೊಂಡು ಮೇಲೆ ಹೋಗುತ್ತಾರೆ, ಚಳಿಗೆ ಕೆಳಗಿಳಿಯುತ್ತಾರೆ, ಕೈಯಲ್ಲಿ ಕೋಲಿರುತ್ತದೆ. 1999ರ ಮೇ ತಿಂಗಳ ಆರಂಭದಲ್ಲಿ ಕಾರ್ಗಿಲ್‌ನ ಬಟಾಲಿಕ್ ಕಡೆಯ ಗಾರ್ಕೊನ್ ಹಳ್ಳಿಯ ತಾಶಿ ನಾಮಗ್ಯಾಲ್ ಎಂಬ ಪಶುಪಾಲಕ ಕಳೆದುಹೋದ ತನ್ನ ಯಾಕ್ ಹುಡುಕುತ್ತಾ ಗುಡ್ಡ ಹತ್ತಿ, ದುರ್ಬೀನು ಹಚ್ಚಿ ನೋಡಿದಾಗ ಅಪರಿಚಿತರು ಬಂಕರ್ ತೋಡುತ್ತಿರುವುದು ಕಂಡಿತು. ಕೆಳಗಿಳಿದು ಸೇನೆಗೆ ಹೇಳಿದ. ಕಾರ್ಗಿಲ್‌ನಲ್ಲಿ ನಮ್ಮವರು 527 ಜನ ಸತ್ತರು. ಆ ಪಶುಪಾಲಕ ಅಂದು ಗುಡ್ಡ ಹತ್ತದಿದ್ದರೆ ಲೆಕ್ಕ ಎಲ್ಲಿಗೆ ಹೋಗುತ್ತಿತ್ತೋ! ಗಡಿಯ ಗುಡ್ಡದ ಮೇಲೆ, ಕಣ್ಣಿಗೆ ಏನನ್ನೋ ಹಿಡಿದುಕೊಂಡು, ಬಗ್ಗಿ ಕೂತ ಒಬ್ಬಂಟಿ ಮನುಷ್ಯ. ನಮ್ಮ ಕ್ಯಾಮೆರಾ ಅವನ ಸುತ್ತ ಯಾವ ಬಣ್ಣದ ಚೌಕ ಬರೆಯುತ್ತಿತ್ತು ಎಂದು ನನಗೆ ಅನುಮಾನವೇ ಇಲ್ಲ.

ನನ್ನ ದೊಡ್ಡಪ್ಪನ ಮಗ ಸೇನೆಯಲ್ಲಿದ್ದ. ಗಡಿಯಲ್ಲಿ ಮೈನಿನ ಮೇಲೆ ಕಾಲಿಟ್ಟು ಎಡಗಾಲನ್ನು ಮೊಣಕಾಲಿನ ಕೆಳಗೆ ಕಳೆದುಕೊಂಡ. ಪುಣೆಯಲ್ಲಿ 1944ರಿಂದ ಇರುವ ಸೇನೆಯ ಕೃತಕ ಅಂಗ ಕೇಂದ್ರದಲ್ಲಿ ಅವನಿಗೆ ಕಾಲು ಕೊಟ್ಟರು, ನಡೆಯಲು ಕಲಿಸಿದರು. ಈಗ ಊರಲ್ಲಿ ಕಿರಾಣಿ ಅಂಗಡಿ ಇಟ್ಟಿದ್ದಾನೆ, ಸೈಕಲ್ ಮೋಟರ್ ಹೊಡೆಯುತ್ತಾನೆ. ಆ ಮೈನು ನಮ್ಮವರು ಹೂತದ್ದೋ ಅವರು ಹೂತದ್ದೋ, ಮಳೆಗೆ ಸರಿದು ಬಂದದ್ದೋ, ಕೊನೆಗೂ ತಿಳಿಯಲಿಲ್ಲ. ಅವನು ಆ ಪ್ರಶ್ನೆಯನ್ನು ಬಹಳ ವರ್ಷ ಕೇಳಿದ, ಆಮೇಲೆ ಬಿಟ್ಟ. ಮೈನಿನ ಸ್ವಭಾವವೇ ಅದು. ಹೂತವನು ಎದ್ದು ಹೋಗಿರುತ್ತಾನೆ. ತೂಕ ಬಿದ್ದರೆ ಸಿಡಿ ಎಂಬ ಒಂದೇ ಸಾಲಿನ ಆಜ್ಞೆಯನ್ನು ಅದು ಎಷ್ಟು ವರ್ಷವಾದರೂ ನೆನಪಿಟ್ಟುಕೊಂಡಿರುತ್ತದೆ. ಸೈನಿಕನ ತೂಕ, ಎಮ್ಮೆಯ ತೂಕ, ಹುಲ್ಲಿಗೆ ಬಂದ ಹೆಂಗಸಿನ ತೂಕ ಅದಕ್ಕೆ ಒಂದೇ.

ದೀಪಾವಳಿಗೆ ಊರಿಗೆ ಹೋದಾಗ ಅವನಿಗೆ ನಮ್ಮ ಯಂತ್ರದ ವಿಡಿಯೊ ತೋರಿಸಿದೆ. ಲಿಂಕ್ ಕಡಿದಾಗಿನ ಮಾತನ್ನೂ ಹೇಳಿದೆ. ಅಂಗಡಿಯ ಕಟ್ಟೆಯ ಮೇಲೆ ಕೂತು ಎರಡು ಸಲ ನೋಡಿದ.

"ಮೈನ್ ತಗಿಯು ಮಶೀನ್ ಮಾಡ್ರಿ ತಮ್ಮಾ, ನಾನs ಬಂದು ಅದಕ್ಕ ಕಾಯಿ ಒಡಿತೀನಿ. ಮೈನ್‌ಗತೆ ಕಾಯ್ಕೊಂಡು ಕುಂದ್ರು ಮಶೀನ್ ಯಾಕ ಮಾಡಾಕತ್ತೀರಿ? ಇದಕ್ಕ ಬ್ಯಾರೆ ಗಾಲಿ ಹಚ್ಚೀರಿ."

"ಅಣ್ಣಾ, ಇದರಾಗ ಒಬ್ಬ ಆಪರೇಟರ್ ಇರ್ತಾನ" ಅಂದೆ.

"ಲಿಂಕ್ ಹೋದ ಮ್ಯಾಲೆ ಅಂವ ಎಲ್ಲಿರ್ತಾನ?"

ಆ ಆಪರೇಟರ್ ಯಾರು ಎನ್ನುವುದನ್ನೂ ಹೇಳಿಬಿಡುತ್ತೇನೆ. ದೌಂಡದಲ್ಲಿ ರಾಜ್ಯ ಮೀಸಲು ಪೊಲೀಸ್ ಪಡೆಯ ತುಕಡಿಗಳಿವೆ. ಬೆಳಗಿನ ಐದಕ್ಕೆ ಎದ್ದರೆ ರಸ್ತೆಯುದ್ದಕ್ಕೂ ಹುಡುಗರು ಓಡುತ್ತಿರುತ್ತಾರೆ. ಕೆಲವರಿಗೆ ಪೊಲೀಸ್ ಭರ್ತಿ, ಕೆಲವರಿಗೆ ಅಗ್ನಿವೀರ. ಬೆಳಗಾವಿಯ ಮರಾಠಾ ಲಘು ಪದಾತಿದಳದ ಕೇಂದ್ರದ ಸುತ್ತಲಿನ ಹಳ್ಳಿಗಳಲ್ಲೂ ಇದೇ ನೋಟ. 2022ರ ಅಗ್ನಿಪಥದ ಪ್ರಕಾರ ನಾಲ್ಕು ವರ್ಷದ ಸೇವೆ, ಹೆಚ್ಚೆಂದರೆ ನಾಲ್ವರಲ್ಲಿ ಒಬ್ಬ ಉಳಿಯುತ್ತಾನೆ. ಈ ಯಂತ್ರದ ಜಾಯ್‌ಸ್ಟಿಕ್ ಹಿಡಿಯುವವನು ಅಂಥ ಇಪ್ಪತ್ತು ವರ್ಷದ ಹುಡುಗ. ಕಾಗದದ ಮೇಲೆ ಹೊಣೆಗಾರ ಅವನೇ. ಪರದೆಯಲ್ಲಿ ಕೆಂಪು ಚೌಕ ಬಂದಾಗ, ಸಾಫ್ಟ್‌ವೇರ್ ಬರೆದವರು ಪುಣೆ, ಬೆಂಗಳೂರಿನಲ್ಲಿ ಮಲಗಿರುವಾಗ, ಕೆಲವು ಸೆಕೆಂಡಿನಲ್ಲಿ ಅವನು ಹೌದು ಅಥವಾ ಅಲ್ಲ ಅನ್ನಬೇಕು. ಅಲ್ಲ ಅಂದು ಶತ್ರು ಹೌದಾಗಿದ್ದರೆ ಅವನ ಕತೆ ಮುಗಿಯಿತು. ಹೌದು ಅಂದು ಸತ್ತವನು ಕುರುಬನಾಗಿದ್ದರೂ ಅವನ ಕತೆಯೇ ಮುಗಿಯಿತು. ನಮ್ಮ ಎಡ್ಜ್ ಕೇಸಿನ ಶೀಟು ಕೋರ್ಟಿಗೆ ಬರುವುದಿಲ್ಲ. "ನಮ್ಮ ಹುಡುಗೂರು ಸಾಯೂದು ತಪ್ಪತು" ಎಂದ ಗೆಳೆಯನಿಗೆ ಇದನ್ನೇ ಕೇಳಬೇಕಿತ್ತು. ಸಾವು ತಪ್ಪಬಹುದು. ನಾವು ಮಾಡಿದ ತಪ್ಪನ್ನು ಅದೇ ಹುಡುಗನ ತಲೆಗೆ ಕಟ್ಟುತ್ತಿದ್ದೇವಲ್ಲ, ಅದು ಯಾರ ಲೆಕ್ಕಕ್ಕೆ?

ಶತ್ರು ಮಾಡುತ್ತಾನಲ್ಲ ಎಂಬ ವಾದ ಬಂದೇ ಬರುತ್ತದೆ, ಅದು ಹಗುರವಾದ ವಾದವಲ್ಲ. 2022ರ ಅಕ್ಟೋಬರ್‌ನಲ್ಲಿ ಬೋಸ್ಟನ್ ಡೈನಮಿಕ್ಸ್ ಸೇರಿ ಆರು ಕಂಪನಿಗಳು ನಮ್ಮ ರೋಬೋಟುಗಳಿಗೆ ಆಯುಧ ಕಟ್ಟುವುದಿಲ್ಲ ಎಂದು ಬಹಿರಂಗ ಪತ್ರ ಬರೆದವು. ಚೀನಾದ ಯುನಿಟ್ರೀಯೂ ಸಹಿ ಹಾಕಿತ್ತು. 2024ರ ಮೇ ತಿಂಗಳಲ್ಲಿ ಕಾಂಬೋಡಿಯದ ಜೊತೆಗಿನ ಸಮರಾಭ್ಯಾಸದಲ್ಲಿ ಚೀನಾದ ಸೇನೆ ಬೆನ್ನ ಮೇಲೆ ರೈಫಲ್ ಕಟ್ಟಿದ ರೋಬೋಟ್ ನಾಯಿಯನ್ನು ಜಗತ್ತಿಗೇ ತೋರಿಸಿತು. ಕಂಪನಿಗಳ ಪತ್ರದಿಂದ ಏನೂ ನಿಲ್ಲುವುದಿಲ್ಲ ಎನ್ನುವುದಕ್ಕೆ ಇದಕ್ಕಿಂತ ಸಾಕ್ಷಿ ಬೇಡ. ಪತ್ರ ಸಾಲದು, ಕಾನೂನು ಬೇಕು.

ಕಾನೂನಿನ ಮಾತು ಬಂದಾಗ ನಾವೇನು ಮಾಡಿದೆವು? ತನ್ನಿಂದ ತಾನೇ ಗುರಿ ಹಿಡಿದು ಕೊಲ್ಲುವ ಆಯುಧಗಳ ಬಗ್ಗೆ ವಿಶ್ವಸಂಸ್ಥೆಯ ಮಾತುಕತೆ ನಡೆದಾಗ 2017 ಮತ್ತು 2018ರಲ್ಲಿ ತಜ್ಞರ ಗುಂಪಿನ ಅಧ್ಯಕ್ಷರಾಗಿದ್ದವರು ನಮ್ಮ ರಾಯಭಾರಿ ಅಮನ್‌ದೀಪ್ ಸಿಂಗ್ ಗಿಲ್. ಹೆಮ್ಮೆಯ ಮಾತೇ. 2023ರ ಡಿಸೆಂಬರ್‌ನಲ್ಲಿ ಮಹಾಸಭೆಗೆ ಇದೇ ವಿಷಯದ ಮೊದಲ ಠರಾವು ಬಂತು. ನಿಷೇಧಿಸಿ ಎಂದೂ ಅಲ್ಲ, ದೇಶಗಳ ಅಭಿಪ್ರಾಯ ಸಂಗ್ರಹಿಸಿ ವರದಿ ಕೊಡಿ ಎಂದು. 152 ದೇಶಗಳು ಹೌದು ಅಂದವು. ಬೇಡ ಅಂದವು ನಾಲ್ಕು: ರಷ್ಯಾ, ಬೆಲಾರುಸ್, ಮಾಲಿ ಮತ್ತು ಭಾರತ. ಮರುವರ್ಷ 166 ದೇಶ ಹೌದು ಅಂದಾಗ ನಾವು ಬೇಡ ಅನ್ನುವುದನ್ನು ಬಿಟ್ಟು ತಟಸ್ಥರಾಗಿ ಕೂತೆವು. ಈ ಚರ್ಚೆ ಜಿನೀವಾದ ಬೇರೆ ವೇದಿಕೆಯಲ್ಲಿ ನಡೆಯುತ್ತಿರುವಾಗ ಇಲ್ಲೇಕೆ ಎಂಬುದು ಸರ್ಕಾರದ ಸಮಜಾಯಿಷಿ. ಇರಬಹುದು. ಆ ವೇದಿಕೆಯಲ್ಲಿ ಒಬ್ಬ ಒಪ್ಪದಿದ್ದರೂ ಏನೂ ಮುಂದೆ ಹೋಗುವುದಿಲ್ಲ ಎನ್ನುವುದು ಎಲ್ಲರಿಗೂ ಗೊತ್ತಿದೆ. 2024ರ ಅಕ್ಟೋಬರ್‌ನಲ್ಲಿ ರಕ್ಷಣಾ ಪಡೆಗಳ ಕೃತಕ ಬುದ್ಧಿಮತ್ತೆ ನಂಬಲರ್ಹವೇ ಎಂದು ಅಳೆಯುವ ಒಂದು ಚೌಕಟ್ಟನ್ನು ಪ್ರಕಟಿಸಿದರು, ಅದಕ್ಕೆ ನನ್ನ ನಮಸ್ಕಾರ. ಆದರೆ ಚೌಕಟ್ಟು ಕಾನೂನಲ್ಲ, ಅದನ್ನು ಮುರಿದವನಿಗೆ ಶಿಕ್ಷೆಯಿಲ್ಲ.

ಎದುರಿನವನು ಬಿಡದಿದ್ದರೂ ಗೆರೆ ಎಳೆಯುವುದು ನಮಗೆ ಗೊತ್ತಿಲ್ಲದ ವಿದ್ಯೆಯೇನಲ್ಲ. ನಮ್ಮಲ್ಲಿ ರಾಸಾಯನಿಕ ಅಸ್ತ್ರಗಳಿದ್ದವು. 1997ರಲ್ಲಿ ಇವೆ ಎಂದು ಒಪ್ಪಿಕೊಂಡೆವು, 2009ರ ಹೊತ್ತಿಗೆ ಪೂರ್ತಿ ನಾಶ ಮಾಡಿದೆವು. ದೇಶವೇನೂ ಮುಳುಗಲಿಲ್ಲ.

ಮತ್ತು ಯುದ್ಧಭೂಮಿಯಲ್ಲಿ ನೆಲದ ಯಂತ್ರಕ್ಕೆ ಬಂದೂಕಿಲ್ಲದೆಯೂ ಬೇಕಾದಷ್ಟು ಕೆಲಸವಿದೆ. ಉಕ್ರೇನಿನಲ್ಲಿ ಇಂಥ ಯಂತ್ರಗಳ ಹೆಚ್ಚಿನ ದುಡಿಮೆ ಅನ್ನ, ನೀರು, ಮದ್ದುಗುಂಡು ಸಾಗಿಸುವುದರಲ್ಲಿ, ಗಾಯಗೊಂಡವರನ್ನು ಎಳೆದು ತರುವುದರಲ್ಲಿ. ಎಸ್ಟೋನಿಯದ ಮಿಲ್ರೆಮ್ ಕಂಪನಿಯ ಯಂತ್ರ ಅಲ್ಲಿ ಗಾಯಾಳುಗಳನ್ನು ಹೊತ್ತಿದೆ. ನಮ್ಮ ಕಂಪನಿಯಲ್ಲೂ ಮೊದಲು ಸ್ಟ್ರೆಚರ್ ಕಟ್ಟುವ ಡ್ರಾಯಿಂಗ್ ಇತ್ತು, ನಾನೇ ಮಲಗಿ ಅಳತೆ ಕೊಟ್ಟಿದ್ದೆ. ಬಂದೂಕಿನ ತೊಟ್ಟಿಲು ಬಂದ ಮೇಲೆ ಆ ಡ್ರಾಯಿಂಗ್ ಮುಂದೆ ಹೋಗಲಿಲ್ಲ. 2018ರಲ್ಲಿ ಐಡೆಕ್ಸ್ ಯೋಜನೆ ಶುರುವಾದಾಗಿನಿಂದ ನಮ್ಮಂಥ ಸಣ್ಣ ಕಂಪನಿಗಳಿಗೂ ರಕ್ಷಣೆಯ ದುಡ್ಡು ಬರುತ್ತಿದೆ, ಅದು ಒಳ್ಳೆಯದೇ. ಆದರೆ ಮೇಳದ ಮಳಿಗೆಯಲ್ಲಿ ಬಂದೂಕಿನ ಮುಂದೆ ಸೆಲ್ಫಿ ತೆಗೆಯುತ್ತಾರೆ, ಸ್ಟ್ರೆಚರ್ ಮುಂದೆ ಯಾರೂ ನಿಲ್ಲುವುದಿಲ್ಲ.

ಇನ್ನು ನಮ್ಮವರದೇ ಒಂದು ಮಾತಿದೆ. ನಾನು ಬರೀ ಗೇರ್‌ಬಾಕ್ಸ್ ಮಾಡುತ್ತೇನೆ, ನಾನು ಬರೀ ಬ್ಯಾಟರಿ ನೋಡಿಕೊಳ್ಳುತ್ತೇನೆ, ನಂದು ಬರೀ ಡೇಟಾ ಲೇಬಲಿಂಗ್. ಡಿಆರ್‌ಡಿಒ 1986ರಲ್ಲೇ ಕೃತಕ ಬುದ್ಧಿಮತ್ತೆ ಮತ್ತು ರೋಬೋಟಿಕ್ಸ್‌ಗೆಂದು ಒಂದು ಕೇಂದ್ರವನ್ನು ತೆರೆದದ್ದು ಬೆಂಗಳೂರಿನಲ್ಲಿ. ಈ ವಿದ್ಯೆಯಲ್ಲಿ ಕನ್ನಡ ನಾಡಿನವರ ಪಾಲು ದೊಡ್ಡದು, ಈ ಪತ್ರಿಕೆ ಓದುವವರಲ್ಲೂ ಹಲವರು ಆ ಸರಪಳಿಯ ಒಂದೊಂದು ಕೊಂಡಿ. ಊರು ಬಿಟ್ಟು ಬಂದವರಿಗೆ ಕೆಲಸ ಬಿಡುವ ಧೈರ್ಯ ಎಲ್ಲಿಂದ ಬರಬೇಕು? ನನಗೂ ಮನೆ ಸಾಲವಿದೆ, ಮಗಳ ಶಾಲೆಯಿದೆ. ಕೆಲಸ ಬಿಡಿ ಎಂದು ನಾನು ಹೇಳುತ್ತಿಲ್ಲ, ನಾನೇ ಬಿಟ್ಟಿಲ್ಲ. ಆದರೆ ಬರೀ ಗೇರ್‌ಬಾಕ್ಸ್ ಅನ್ನುವ ಗೆಳೆಯರೇ, ಗೇರ್‌ಬಾಕ್ಸಿಗೂ ಸ್ಪೆಸಿಫಿಕೇಶನ್ ಬರುತ್ತದಲ್ಲ, ಅದರಲ್ಲಿ ಎಷ್ಟು ಹೊರೆ, ಎಷ್ಟು ಹಿಮ್ಮುಖ ಧಕ್ಕೆ ಎಂದು ಬರೆದಿರುತ್ತದಲ್ಲ? ನೀರಿನ ಕ್ಯಾನು ಹಿಂದಕ್ಕೆ ಒದೆಯುವುದಿಲ್ಲ. ಗೊತ್ತಿರಲಿಲ್ಲ ಅನ್ನಬೇಡಿ. ಪ್ರಶ್ನೆ ಕೇಳಿ, ಈ-ಮೇಲ್‌ನಲ್ಲಿ ಕೇಳಿ, ಬರೆದ ಉತ್ತರ ತೆಗೆದುಕೊಳ್ಳಿ. ಲಿಂಕ್ ಹೋದಾಗ ಏನಾಗುತ್ತದೆ, ಕೋಲು ಹಿಡಿದವರ ಎಷ್ಟು ಚಿತ್ರ ತೋರಿಸಿ ಕಲಿಸಿದ್ದೀರಿ, ಯಾವ ನೆಲದ ಯಾವ ಜನರ ಚಿತ್ರ, ಗುಂಡು ಹೊಡೆದ ಗಳಿಗೆಯ ದಾಖಲೆ ಎಲ್ಲಿ ಉಳಿಯುತ್ತದೆ, ಅದನ್ನು ಅಳಿಸುವ ಅಧಿಕಾರ ಯಾರಿಗೆ? ಇಷ್ಟು ಕೇಳಿದರೆ ಕೆಲಸ ಹೋಗುವುದಿಲ್ಲ. ಹೋದರೂ, ಯಾಕೆ ಹೋಯಿತು ಎನ್ನುವುದಕ್ಕೆ ಕಾಗದ ಇರುತ್ತದೆ.

ಪರೇಡಿನ ಯಂತ್ರಕ್ಕೆ ಇಟ್ಟ ಹೆಸರು ಮ್ಯೂಲ್, ಅಂದರೆ ಹೇಸರಗತ್ತೆ. ಕಾರ್ಯಪ್ಪನವರು 1949ರ ಜನವರಿ 15ರಂದು ಸೇನೆಯ ಚುಕ್ಕಾಣಿ ಹಿಡಿದ ದಿನವನ್ನೇ ಸೇನಾ ದಿನವಾಗಿ ಆಚರಿಸುವುದು. ಆ ಕೊಡಗಿನ ದಂಡನಾಯಕರ ಕಾಲದಲ್ಲಿ ಬೆಟ್ಟದ ಸೇನೆಗೆ ಅನ್ನ ನೀರು ಹೊತ್ತದ್ದು ನಿಜವಾದ ಹೇಸರಗತ್ತೆಗಳು. ನನ್ನ ಅಣ್ಣನೂ ಅವುಗಳ ಜೊತೆ ಕೆಲವು ತಿಂಗಳು ನಡೆದಿದ್ದ. ಅವುಗಳ ಹಟದ ಕತೆ ಹೇಳಿ ನಗುತ್ತಾನೆ: ದಾರಿ ಕುಸಿಯುತ್ತದೆ ಅನ್ನಿಸಿದರೆ ಹೊಡೆದರೂ ಹೆಜ್ಜೆ ಇಡುವುದಿಲ್ಲ, ಲಗಾಮು ಹಿಡಿದವನು ಬೈದುಕೊಂಡು ಮುಂದೆ ಹೋಗಿ ನೋಡಿದರೆ ಅಲ್ಲಿ ನೆಲವೇ ಇರುವುದಿಲ್ಲ.

ಬರುವ ಸೋಮವಾರ ಮಡ್ಡಿಯಲ್ಲಿ ಮುಂದಿನ ಸುತ್ತಿನ ಟೆಸ್ಟ್ ಇದೆ. ಶೀಟನ್ನು ನಾನೇ ತಯಾರು ಮಾಡಬೇಕು. ಹದಿನೇಳನೆಯ ಸಾಲು: ಗುರಿ ಗುರುತಿಸಿದ ಮೇಲೆ ಲಿಂಕ್ ಕಡಿದರೆ ಯಂತ್ರದಿಂದ ನಿರೀಕ್ಷಿತ ವರ್ತನೆ. ಹೋದ ಸಲ ಆ ಕಾಲಂನಲ್ಲಿ 'ಗ್ರಾಹಕರ ಸೂಚನೆಯಂತೆ' ಎಂದು ತುಂಬಿಸಿದ್ದೆ. ಈ ಸಲ 'ನಿಲ್ಲಬೇಕು, ತೊಟ್ಟಿಲ ವಿದ್ಯುತ್ ಕಡಿಯಬೇಕು' ಎಂದು ಬರೆದು ನಿನ್ನೆ ರಾತ್ರಿ ಕಳಿಸಿದ್ದೇನೆ. ಬೆಳಿಗ್ಗೆ ಲೀಡ್‌ನಿಂದ ಎರಡು ಮಿಸ್ಡ್ ಕಾಲ್ ಇವೆ. ಶಟಲ್ ಪಾಟಸ ದಾಟಿದೆ, ಪುಣೆ ಬರಲು ಇನ್ನೂ ಒಂದು ತಾಸು ಇದೆ.